ಮೆಡಿಸಿನ್ ಆಪ್‌ನಲ್ಲಿ ಅಮ್ಮನ ಇನ್ಶೂರೆನ್ಸ್ ಹಾಕಿದ್ದೆ, ಆದ್ರೂ ಔಷಧಿ ಬಿಲ್ ಕ್ಲೇಮ್ ನಿಂತಿದೆ. ಯಾರಿಗಾದ್ರೂ ಗೊತ್ತಾ?

ಬಟವಾಡಿ_ಹುಡುಗ

ಎಲ್ಲರಿಗೂ ನಮಸ್ಕಾರ. ನಮ್ಮದು ತುಮಕೂರು, ಮನೆ ಬಟವಾಡಿ ಹತ್ರ. ಅಮ್ಮನಿಗೆ 67 ವರ್ಷ. ಆಗಸ್ಟ್‌ನಲ್ಲಿ ಬೆಂಗಳೂರಿನ ಒಂದು ಆಸ್ಪತ್ರೆಯಲ್ಲಿ ಹಾರ್ಟ್‌ಗೆ ಸ್ಟೆಂಟ್ ಹಾಕಿಸಿದೆವು. ಆಸ್ಪತ್ರೆ ಬಿಲ್ ಕ್ಯಾಶ್‌ಲೆಸ್ ಆಯ್ತು, ಅದರಲ್ಲಿ ತಕರಾರಿಲ್ಲ. 14ಕ್ಕೆ ಡಿಸ್ಚಾರ್ಜ್. ಅಲ್ಲಿಂದ 60 ದಿನದ ಔಷಧಿ ಖರ್ಚನ್ನೂ ನಮ್ಮ ಪಾಲಿಸಿ ಕೊಡುತ್ತದೆ.

ಮಾತ್ರೆ ಎಲ್ಲಾ ಒಂದು ಆಪ್‌ನಲ್ಲೇ ತರಿಸಿದೆ. ಒಟ್ಟು 4 ಬಿಲ್, 3,240, 2,915, 3,480, 2,225. ಕೂಡಿದರೆ 11,860 ರೂಪಾಯಿ. ಅಮೆರಿಕದಲ್ಲಿರೋ ನಮ್ಮ ದೊಡ್ಡಪ್ಪನ ಮಗಳು ಫೋನಲ್ಲಿ, 'ಆಪ್‌ನಲ್ಲಿ ಇನ್ಶೂರೆನ್ಸ್ ಕಾರ್ಡ್ ಸೇರಿಸೋ, ಅವರೇ ಕ್ಲೇಮ್ ಮಾಡ್ತಾರೆ' ಅಂದಳು. ಸರಿ ಅಂತ ಪ್ರೊಫೈಲ್‌ನಲ್ಲಿ ಪಾಲಿಸಿ ನಂಬರ್ ಹಾಕಿ, ಕಾರ್ಡ್ ಫೋಟೋನೂ ಏರಿಸಿದೆ. ಏನೂ ಆಗಲಿಲ್ಲ, ಪೂರ್ತಿ ದುಡ್ಡು ನಾನೇ ಕಟ್ಟಿದೆ. ಕೊನೆಗೆ ಬಿಲ್ ಎಲ್ಲಾ ಡೌನ್‌ಲೋಡ್ ಮಾಡಿ ಕಂಪನಿಗೆ ಕಳಿಸಿದರೆ 'ರೋಗಿಯ ಹೆಸರು ಹೊಂದುತ್ತಿಲ್ಲ' ಅಂತ ಮೇಲ್ ಬಂದಿದೆ, 15 ದಿನದಲ್ಲಿ ಉತ್ತರ ಕೊಡಿ ಅಂತ.

ಇನ್ನೊಂದು ವಿಷಯ. ಹೋದ ವರ್ಷ ಪಾಲಿಸಿಯನ್ನು ಬೇರೆ ಕಂಪನಿಗೆ ಪೋರ್ಟ್ ಮಾಡಿಸಿದ್ದೆವು. ಈಗ ನೋಡಿದರೆ ನಾನು ಆಪ್‌ಗೆ ಹಾಕಿರೋದು ಹಳೇ ಕಂಪನಿ ನಂಬರ್! ಅದಕ್ಕೇ ಹೀಗಾಯ್ತಾ? ಹೊಸ ನಂಬರ್ ಹಾಕಿದರೆ ಸರಿಹೋಗುತ್ತಾ?

ಮಾತ್ರೆ_ಡಬ್ಬಿ

ನಾನು ಬಿ.ಎಚ್. ರಸ್ತೆಯ ಮೆಡಿಕಲ್ ಸ್ಟೋರ್ ಒಂದರಲ್ಲಿ ಫಾರ್ಮಸಿಸ್ಟ್. ನೇರ ವಿಷಯಕ್ಕೆ ಬರ್ತೀನಿ. ಆ ಪಾಲಿಸಿ ನಂಬರ್‌ಗೂ ನಿಮ್ಮ ಕ್ಲೇಮ್‌ಗೂ ಸಂಬಂಧವೇ ಇಲ್ಲ. ನಮ್ಮಲ್ಲಿ ಸಾಮಾನ್ಯ ಪಾಲಿಸಿ ಇದ್ದರೆ ಮಾತ್ರೆ ಅಂಗಡಿಯಾಗಲಿ ಆಪ್ ಆಗಲಿ ಇನ್ಶೂರೆನ್ಸ್ ಕಂಪನಿಗೆ ಬಿಲ್ ಕಳಿಸೋದಿಲ್ಲ. ಮೊದಲು ನೀವು ದುಡ್ಡು ಕೊಡಬೇಕು, ಆಮೇಲೆ ಬಿಲ್ ಹಾಕಿ ವಾಪಸ್ ತಗೋಬೇಕು. ಒಪಿಡಿ ಕವರ್ (ಅಡ್ಮಿಟ್ ಆಗದೆ ತೋರಿಸಿಕೊಂಡ ಖರ್ಚಿಗೂ ಕೊಡೋದು) ಇರೋ ಕೆಲವು ಪಾಲಿಸಿಗಳಲ್ಲಿ ಮಾತ್ರ, ಕಂಪನಿ ಜೊತೆ ಒಪ್ಪಂದ ಇರೋ ಕಡೆ, ಬಿಲ್‌ನಲ್ಲೇ ನೇರವಾಗಿ ಕಡಿತ ಮಾಡುವ ವ್ಯವಸ್ಥೆ ಇರುತ್ತದೆ. ಅದು ಇದ್ದಿದ್ದರೆ ನಿಮಗೆ ಪಾಲಿಸಿ ಕೊಡುವಾಗಲೇ ಹೇಳಿರೋರು.

ಹಾಗಾಗಿ ಬಿಲ್ ತೆಗೆದು ನೋಡಿ. ಮೇಲ್ಗಡೆ 'ರೋಗಿ' ಅಂತ ಇರೋ ಕಡೆ ಯಾರ ಹೆಸರಿದೆ? ಬಿಲ್ ಅಕೌಂಟ್ ಇರೋರ ಹೆಸರಲ್ಲಿ ಬರೋದು ತುಂಬಾ ಸಾಮಾನ್ಯ. ನಮ್ಮ ಅಂಗಡಿಗೂ ದಿನಕ್ಕೆ ಒಬ್ಬರಾದರೂ ಬಂದು 'ಸಾರ್, ನನ್ನ ಹೆಸರು ಹಾಕಿಬಿಟ್ಟಿದ್ದೀರಿ, ಇದು ನಮ್ಮ ತಂದೇದು' ಅಂತಾರೆ. ಕೇಳೋಕೆ ನಾವು ಮರೀತೀವಿ, ಹೇಳೋಕೆ ಅವರೂ ಮರೀತಾರೆ.

ಬಟವಾಡಿ_ಹುಡುಗ

ಅಯ್ಯೋ ಸಾರ್, ಈಗ ತೆಗೆದು ನೋಡಿದೆ, ನಗಬೇಕೋ ಅಳಬೇಕೋ ಗೊತ್ತಾಗ್ತಿಲ್ಲ. ಮೊದಲ ಎರಡು ಬಿಲ್ ನನ್ನ ಹೆಸರಲ್ಲಿದೆ. ಆಮೇಲೆ ನಾನೇ ಬುದ್ಧಿವಂತ ಅಂತ ಆಪ್‌ನಲ್ಲಿ ಕುಟುಂಬದವರ ಪಟ್ಟಿಗೆ ಅಮ್ಮನ್ನ ಸೇರಿಸಿದ್ದೆ. ಫೋನಲ್ಲಿ ನಂಬರ್ ಸೇವ್ ಮಾಡೋ ಅಭ್ಯಾಸದಲ್ಲಿ ಹೆಸರಿನ ಜಾಗದಲ್ಲಿ 'ಅಮ್ಮ' ಅಂತ ಹೊಡೆದಿದ್ದೀನಿ. ಮೂರನೇ, ನಾಲ್ಕನೇ ಬಿಲ್‌ನಲ್ಲಿ ರೋಗಿಯ ಹೆಸರು: ಅಮ್ಮ. ವಯಸ್ಸು 67. ಅಷ್ಟೇ.

ಗುಬ್ಬಿ_ಗಿರಿ

ಹ್ಹಹ್ಹ. ಕಂಪನಿಯವರೂ ಪಾಪ ಯಾರ ಅಮ್ಮ ಅಂತ ಹುಡುಕಬೇಕು!

ತೆಂಗಿನ_ನಾಡು

ಚಿಕ್ಕನಾಯಕನಹಳ್ಳಿ ಕಡೆಯವಳು, ಈಗ ನ್ಯೂಜೆರ್ಸಿಯಲ್ಲಿದ್ದೀನಿ. ನಿಮ್ಮ ಅಕ್ಕ ಹೇಳಿದ್ದು ತಪ್ಪಲ್ಲ, ಅವರು ಇಲ್ಲಿನ ಲೆಕ್ಕದಲ್ಲಿ ಹೇಳಿದ್ದಾರೆ. ಇಲ್ಲಿ ಇನ್ಶೂರೆನ್ಸ್ ಕಾರ್ಡ್ ಮೇಲೆ ಮೆಂಬರ್ ಐಡಿ ಜೊತೆಗೆ ಬಿನ್, ಪಿಸಿಎನ್, ಗ್ರೂಪ್ ಅಂತ ಬೇರೆ ನಂಬರ್‌ಗಳು ಇರುತ್ತವೆ. ಕ್ಲೇಮ್ ಯಾವ ಕಂಪ್ಯೂಟರ್‌ಗೆ ಹೋಗಬೇಕು ಅನ್ನೋದು ಅದರಿಂದ ಗೊತ್ತಾಗುತ್ತದೆ. ಫಾರ್ಮಸಿಯವರು ಮಾತ್ರೆ ಕೊಡೋ ಮೊದಲೇ ಕ್ಲೇಮ್ ಕಳಿಸುತ್ತಾರೆ, ಸ್ವಲ್ಪ ಹೊತ್ತಿನಲ್ಲೇ ಉತ್ತರ ಬರುತ್ತದೆ, ನಮ್ಮ ಪಾಲು ಎಷ್ಟೋ ಅಷ್ಟು ಕೊಟ್ಟು ಬರೋದು. ಅದಕ್ಕೇ ಇಲ್ಲಿ ಆಪ್‌ನಲ್ಲಿ ಕಾರ್ಡ್ ಸರಿಯಾಗಿರೋದು ಬಹಳ ಮುಖ್ಯ.

ಹಳೇ ಕಾರ್ಡ್ ಕಥೆ ನನಗೂ ಆಗಿದೆ. ಗಂಡನ ಕೆಲಸ ಬದಲಾಗಿ ಜನವರಿ 1ರಿಂದ ಹೊಸ ಪ್ಲಾನ್ ಬಂತು, ಆಪ್‌ನಲ್ಲಿ ಹಳೇದೇ ಉಳಿದಿತ್ತು. ಮಗನ ಆಸ್ತಮಾ ಇನ್‌ಹೇಲರ್ ತರೋಕೆ ಹೋದರೆ ಕೌಂಟರ್‌ನಲ್ಲಿ ಪೂರ್ತಿ ರೇಟು ಹೇಳಿದರು, ಎದೆ ಧಸಕ್ ಅಂತು. ಹೊಸ ಕಾರ್ಡ್ ತೋರಿಸಿದ ಮೇಲೆ ಮತ್ತೆ ಕ್ಲೇಮ್ ಓಡಿಸಿ ಕಡಿಮೆ ಮಾಡಿದರು. ಊರಲ್ಲಿ ಈ ವ್ಯವಸ್ಥೆ ಇಲ್ಲ, ಅದಕ್ಕೆ ನಿಮ್ಮ ಕ್ಲೇಮ್‌ಗೆ ಈ ನಂಬರ್ ಮುಖ್ಯ ಅಲ್ಲ.

ಕ್ಲೇಮ್_ಅಜ್ಜ

ಟಿಪಿಎ, ಅಂದರೆ ಇನ್ಶೂರೆನ್ಸ್ ಕಂಪನಿ ಪರವಾಗಿ ಕ್ಲೇಮ್ ನೋಡೋ ಕಚೇರಿಯಲ್ಲಿ ಬಹಳ ವರ್ಷ ಇದೇ ಫೈಲ್ ನೋಡಿ ರಿಟೈರ್ ಆದವನು ನಾನು. ಮೊದಲು ಗಾಬರಿ ಬೇಡ ತಮ್ಮ. ನಿನಗೆ ಬಂದಿರೋದು ಕ್ವೆರಿ, ಅಂದರೆ ವಿವರಣೆ ಕೇಳಿದ್ದಾರೆ ಅಷ್ಟೇ, ರಿಜೆಕ್ಷನ್ ಅಲ್ಲ. ಇವೆರಡನ್ನೂ ಒಂದೇ ಅಂದುಕೊಂಡು ಕೈಬಿಟ್ಟು ಕೂತವರನ್ನ ಎಷ್ಟು ಜನ ನೋಡಿದ್ದೀನಿ. ಕ್ವೆರಿಗೆ ಹೇಳಿದ ದಿನದೊಳಗೆ ಉತ್ತರ ಕೊಟ್ಟರೆ ಫೈಲ್ ಮುಂದೆ ಹೋಗುತ್ತದೆ. ಕೊಡದೇ ಹೋದರೆ ಮುಚ್ಚಿಬಿಡುತ್ತಾರೆ.

ಆಪ್‌ನವರಿಗೆ ಬರೆದು ಹೆಸರು ತಿದ್ದಿದ ಬಿಲ್ ಕೇಳು. ಬರೆಯುವಾಗ ಡಾಕ್ಟರ್ ಚೀಟಿ ಜೊತೆಗಿಡು, ಅದರಲ್ಲಿ ಅಮ್ಮನ ಪೂರ್ತಿ ಹೆಸರು ಇರುತ್ತದಲ್ಲ. ಬಿಲ್ ಆಗಲೇ ಆಗಿಹೋಗಿದೆ, ಬದಲಾಯಿಸೋಕೆ ಆಗಲ್ಲ ಅಂದರೆ, 'ಈ ನಂಬರಿನ ಬಿಲ್ಲಿನ ಔಷಧಿ ಇಂಥವರಿಗೆ, ಇಂಥ ಡಾಕ್ಟರ್ ಚೀಟಿ ಮೇಲೆ ಕೊಟ್ಟಿದ್ದು' ಅಂತ ಲೆಟರ್‌ಹೆಡ್‌ನಲ್ಲಿ ಸಹಿ, ಸೀಲು ಹಾಕಿಸಿ ತಗೋ. ಔಷಧಿ ಮಾರಿದ್ದು ಆಪ್ ಅಲ್ಲ, ಅದರ ಹಿಂದೆ ಲೈಸೆನ್ಸ್ ಇರೋ ಒಂದು ಅಂಗಡಿ ಇರುತ್ತದೆ. ಬಿಲ್ ಮೇಲೆ ಅದರ ಹೆಸರು, ವಿಳಾಸ, ಡ್ರಗ್ ಲೈಸೆನ್ಸ್ ನಂಬರ್ ಅಚ್ಚಾಗಿರುತ್ತದೆ. ಪತ್ರ ಅವರಿಂದ ಬರಬೇಕು.

ಪಾಲಿಸಿಯಲ್ಲಿ ಅಮ್ಮನ ಹೆಸರು ಹೇಗಿದೆಯೋ, ಇನಿಷಿಯಲ್ ಮುಂದೆ ಇದೆಯೋ ಹಿಂದೆ ಇದೆಯೋ, ಹಾಗೇ ಆಪ್‌ನಲ್ಲೂ ಇರಲಿ. ನಮ್ಮ ಕಡೆ ಹೆಂಗಸರ ಹೆಸರು ಆಧಾರ್‌ನಲ್ಲಿ ಒಂದು ಥರ, ರೇಷನ್ ಕಾರ್ಡ್‌ನಲ್ಲಿ ಒಂದು ಥರ. ಅದೇ ಅರ್ಧ ತಲೆನೋವು.

ಇನ್ನೊಂದು. ಆ ನಾಲ್ಕು ಬಿಲ್‌ನಲ್ಲಿ ಡಿಸ್ಚಾರ್ಜ್ ಸಮ್ಮರಿಯಲ್ಲಿ ಇಲ್ಲದ ಮಾತ್ರೆ ಏನಾದರೂ ಇದೆಯಾ? ಥೈರಾಯ್ಡ್ ಮಾತ್ರೆ, ಪ್ರೋಟೀನ್ ಪುಡಿ, ಶಾಂಪೂ ಇಂಥವು? ಅಡ್ಮಿಟ್ ಆದ ಕಾಯಿಲೆಗೆ ಸಂಬಂಧ ಇಲ್ಲದ್ದನ್ನು ಕಂಪನಿ ಕಳೆಯುತ್ತದೆ. ಒಂದೇ ಆರ್ಡರ್‌ನಲ್ಲಿ ಎಲ್ಲಾ ಸೇರಿಸಿ ತರಿಸಬೇಡ, ಹಾರ್ಟ್ ಮಾತ್ರೆಗೆ ಬೇರೆ ಬಿಲ್ ಮಾಡಿಸು. 60 ದಿನ ಅಂದರೆ ನಿನಗೆ ಅಕ್ಟೋಬರ್ 13ರ ತನಕ. ಅದರ ಆಚೆ ತಾರೀಖಿನ ಬಿಲ್ ಹಾಕಿ ಪ್ರಯೋಜನ ಇಲ್ಲ.

ಗುಬ್ಬಿ_ಗಿರಿ

ಅಜ್ಜ, ನಂದೂ ಒಂದು ಡೌಟು. ನಾನು ಆಪ್‌ನಲ್ಲಿ ಪಾಲಿಸಿ ನಂಬರ್ ಜಾಗಕ್ಕೆ ಅಭಾ ನಂಬರ್ ಹಾಕಿದ್ದೀನಿ, 14 ಅಂಕಿದು. ಅದು ಸಾಕಲ್ವಾ?

ಕ್ಲೇಮ್_ಅಜ್ಜ

ಅಭಾ ಇನ್ಶೂರೆನ್ಸ್ ಅಲ್ಲಪ್ಪ. ಅದು ನಿನ್ನ ಆರೋಗ್ಯದ ದಾಖಲೆಗಳನ್ನು ಒಂದು ಕಡೆ ಜೋಡಿಸೋಕೆ ಕೊಡೋ ನಂಬರ್, ಅದರಲ್ಲಿ ಒಂದು ರೂಪಾಯಿ ಕವರ್ ಇಲ್ಲ. 5 ಲಕ್ಷದ್ದು ಆಯುಷ್ಮಾನ್ ಕಾರ್ಡ್, ಅದು ಬೇರೆ. ಅದೂ ಆಸ್ಪತ್ರೆಗೆ ಸೇರಿದಾಗಲೇ ಉಪಯೋಗಕ್ಕೆ ಬರೋದು, ಮೆಡಿಕಲ್ ಸ್ಟೋರ್‌ನಲ್ಲಿ ತೋರಿಸಿದರೆ ನಡೆಯಲ್ಲ. 70 ತುಂಬಿದವರಿಗೆ ಆದಾಯ ನೋಡದೆ ಕೊಡೋ ಯೋಜನೆ 2024ರಲ್ಲಿ ಬಂತು ನೋಡು, ಅದರದ್ದೂ ಇದೇ ಕಥೆ.

ಮಾತ್ರೆ_ಡಬ್ಬಿ

ಕಾರ್ಡ್ ಫೋಟೋ ಬಗ್ಗೆ ಒಂದು ಮಾತು. ಕೆಲವು ಆಪ್‌ಗಳಲ್ಲಿ 'ಪಾಲಿಸಿ ಸೇರಿಸಿ' ಅನ್ನೋ ಜಾಗ ಇರೋದೇ ನಿಮಗೆ ಇನ್ನೊಂದು ಪಾಲಿಸಿ ಮಾರೋಕೆ. ನಂಬರ್, ಹುಟ್ಟಿದ ತಾರೀಖು, ರಿನ್ಯೂವಲ್ ಯಾವಾಗ ಅಂತ ಎಲ್ಲಾ ಕೊಟ್ಟ ಮೇಲೆ ಫೋನ್ ಬರೋಕೆ ಶುರು. ಇದು ನನ್ನ ಅಭಿಪ್ರಾಯ, ಎಲ್ಲರೂ ಹಾಗೇ ಅಂತಿಲ್ಲ. ಆದರೆ ಉಪಯೋಗ ಇಲ್ಲದಿದ್ದರೆ ಅಲ್ಲಿಂದ ತೆಗೆದುಬಿಡಿ. ಈ-ಕಾರ್ಡ್ ನಿಮ್ಮ ಫೋನಲ್ಲೇ ಇರಲಿ, ಒಂದು ಪ್ರಿಂಟ್ ಬೀರುವಿನಲ್ಲಿರಲಿ. ಆಪ್‌ನಿಂದ ನಿಮಗೆ ಬೇಕಾಗಿರೋದು ಮೂರೇ. ರೋಗಿಯ ಸರಿಯಾದ ಹೆಸರು, ಏರಿಸಿದ ಚೀಟಿ, ಬ್ಯಾಚ್ ನಂಬರ್ ಸಮೇತ ಇರೋ ಬಿಲ್. ಆರ್ಡರ್ ಕನ್ಫರ್ಮ್ ಅಂತ ಬರೋ ಮೆಸೇಜ್ ಬಿಲ್ ಅಲ್ಲ, ಅದನ್ನೇ ಸ್ಕ್ರೀನ್‌ಶಾಟ್ ತೆಗೆದು ಕಳಿಸೋರೂ ಇದ್ದಾರೆ.

ಬಟವಾಡಿ_ಹುಡುಗ

9 ದಿನ ಆದ ಮೇಲೆ ಅಪ್‌ಡೇಟ್. ಆಪ್‌ನ ಚಾಟ್‌ನಲ್ಲಿ ಮೊದಲು ಮೂರು ಸಲ 'ನಿಮ್ಮ ಆರ್ಡರ್ ಡೆಲಿವರ್ ಆಗಿದೆ, ಧನ್ಯವಾದ' ಅಂತಲೇ ಉತ್ತರ ಬಂತು. ಚೀಟಿ ಸಮೇತ ಮೇಲ್ ಹಾಕಿದ ಮೇಲೆ ಒಬ್ಬ ಮನುಷ್ಯ ಸಿಕ್ಕ. 'ಅಮ್ಮ' ಅಂತಿದ್ದ ಎರಡು ಬಿಲ್ ತಿದ್ದಿ ಕಳಿಸಿದರು. ನನ್ನ ಹೆಸರಲ್ಲಿದ್ದ ಎರಡಕ್ಕೆ ಆಗಲ್ಲ ಅಂದರು. ಬಿಲ್ ಮೇಲಿದ್ದ ವಿಳಾಸ ನೋಡಿದರೆ ಅಂಗಡಿ ಇರೋದು ಬೆಂಗಳೂರಿನ ಪೀಣ್ಯದಲ್ಲಿ. ಅಲ್ಲೇ ಕೆಲಸ ಮಾಡೋ ನಮ್ಮ ಭಾವ ಹೋಗಿ ಅಜ್ಜ ಹೇಳಿದ ಹಾಗೆ ಪತ್ರ ಬರೆಸಿ, ಸೀಲು ಹಾಕಿಸಿಕೊಂಡು ಬಂದರು. ಎಲ್ಲಾ ಸೇರಿಸಿ ನಿನ್ನೆ ಅಪ್‌ಲೋಡ್ ಮಾಡಿದ್ದೀನಿ.

ಅಜ್ಜ, ನೀವು ಕೇಳಿದ್ದು ನಿಜ. ಎರಡನೇ ಬಿಲ್‌ನಲ್ಲಿ ನನ್ನ ಶಾಂಪೂ ಇದೆ, 340 ರೂಪಾಯಿ. ಅಮ್ಮನಿಗೆ ಇನ್ನೂ ಹೇಳಿಲ್ಲ. ಆಪ್‌ನಲ್ಲಿ ಅವರ ಪೂರ್ತಿ ಹೆಸರು ಹಾಕಿ ತೋರಿಸಿದರೆ, 'ಅಮ್ಮ ಅಂತಲೇ ಚೆನ್ನಾಗಿತ್ತಲ್ಲೋ' ಅಂದರು.