ತನ್ನ ಪಾತ್ರವನ್ನು ತಾನೇ ಮಾಡಿದವನಿಗೆ ಏನೆನ್ನಬೇಕು?

ಬಲ್ಲವರಲ್ಲಿ ಒಂದು ಅರಿಕೆ. ಎರಡನೆಯ ಮಹಾಯುದ್ಧವನ್ನು ಕುರಿತ ನಾರ್ವೆಯ ಚಲನಚಿತ್ರಗಳಿಗೆ ಕನ್ನಡದಲ್ಲಿ ಪರಿಚಯದ ಟಿಪ್ಪಣಿ ಬರೆಯುತ್ತಿದ್ದಾಗ, 1954ರ ‘ಶೆಟ್‌ಲಂಡ್ಸ್‌ಯೆಂಗೆನ್’ ಚಿತ್ರದ ಪಾತ್ರವರ್ಗದ ಹತ್ತಿರ ಬಂದು ತಡವರಿಸಿದೆ. ಎಡಕ್ಕೆ ‘ಪಾತ್ರ’, ಬಲಕ್ಕೆ ‘ಪಾತ್ರಧಾರಿ’ ಎಂದು ಗೆರೆ ಎಳೆದುಕೊಂಡರೆ ಎರಡೂ ಕಡೆ ಒಂದೇ ಹೆಸರು ಬರುತ್ತದೆ: ಲೈಫ್ ಲಾರ್ಸೆನ್.

ಜರ್ಮನರ ಹಿಡಿತದಲ್ಲಿದ್ದ ನಾರ್ವೆಯ ಕರಾವಳಿಗೆ ಬ್ರಿಟನ್ನಿನ ಶೆಟ್‌ಲಂಡ್ ದ್ವೀಪಗಳಿಂದ ಆಯುಧಗಳನ್ನೂ ಗುಪ್ತ ಕಾರ್ಯಕರ್ತರನ್ನೂ ಸಾಗಿಸಿ, ಮರಳುವಾಗ ತಲೆಮರೆಸಿಕೊಂಡವರನ್ನು ಹತ್ತಿಸಿಕೊಂಡು ಬರುತ್ತಿದ್ದ, ಮೊದಮೊದಲು ಬರಿಯ ಮೀನುದೋಣಿಗಳಲ್ಲೇ ನಡೆಯುತ್ತಿದ್ದ ‘ಶೆಟ್‌ಲಂಡ್ ಬಸ್’ ಎಂಬ ಸಂಚಾರದಲ್ಲಿ 52 ಬಾರಿ ಹೋಗಿಬಂದ ನಾವಿಕರು ಇವರು. ನಾವಿಕರಾಗಿ ಬಹಳ ಪ್ರಸಿದ್ಧರು. ನಟರೆಂದು ಯಾರೂ ಹೇಳುವುದಿಲ್ಲ.

ನಾರ್ವೇಜಿಯನ್ ಭಾಷೆಯಲ್ಲಿ ಇಂಥಲ್ಲಿ ‘ಸೊಮ್ ಸೈ ಸೆಲ್’, ಅಂದರೆ ‘ತಾನಾಗಿಯೇ’, ಎಂದು ಬರೆದರೆ ಮುಗಿಯಿತು. ನಟನಿಗೆ ಅವರ ಪದವಾದ ‘ಸ್ಕೂಎಸ್ಪಿಲ್ಲರ್’ ಎಂಬುದರಲ್ಲಿ ನೋಡುವುದು, ಆಡುವುದು ಎಂಬ ಎರಡು ಅರ್ಥಗಳು ಕೂಡಿವೆಯೇ ಹೊರತು ಬೇರೊಬ್ಬನಾಗುವ ಮಾತಿಲ್ಲ. (ನಮ್ಮ ಕರಾವಳಿಯವರು ಯಕ್ಷಗಾನವನ್ನು ‘ಆಟ’ ಎನ್ನುವುದು ಇಲ್ಲಿ ನೆನಪಾಗುತ್ತದೆ.) ನಮ್ಮ ‘ಪಾತ್ರಧಾರಿ’, ‘ವೇಷಧಾರಿ’ಗಳಲ್ಲಾದರೋ ತನ್ನದಲ್ಲದ್ದನ್ನು ಧರಿಸುವ ಭಾವ ಮೂಲದಲ್ಲೇ ಇದೆ. ‘ಲಾರ್ಸೆನ್ ಲಾರ್ಸೆನ್ ಆಗಿ ನಟಿಸಿದ್ದಾರೆ’ ಎಂದು ಬರೆದು ಓದಿಕೊಂಡಾಗ ಅದು ಹಂಗಿಸಿದಂತೆ ಕೇಳಿಸಿತು, ಏಕೆಂದರೆ ದಿನಬಳಕೆಯಲ್ಲಿ ‘ನಟಿಸಬೇಡ’ ಎನ್ನುವುದು ಸುಳ್ಳಾಡುವವನಿಗೆ ಹೇಳುವ ಮಾತು.

‘ಸ್ವಪಾತ್ರಧಾರಿ’ ಎಂದು ಟಂಕಿಸಿ ನೋಡಿದೆ. ತನಗೆ ಒಪ್ಪಿಸಿದ ಪಾತ್ರವನ್ನು ಮಾಡಿದವನು ಎಂಬ ಅರ್ಥವೂ ಅದರಿಂದ ಹೊರಡುವುದರಿಂದ ಆ ಪಟ್ಟಿಯಲ್ಲಿರುವ ಎಲ್ಲರೂ ಸ್ವಪಾತ್ರಧಾರಿಗಳೇ ಆಗಿಬಿಡುತ್ತಾರೆ. ‘ಖುದ್ದು’ ಎಂದರೆ ಕೋರ್ಟಿನ ಹಾಜರಿಯ ವಾಸನೆ. ಪತ್ರಿಕೆಗಳ ‘ತಮ್ಮದೇ ಪಾತ್ರದಲ್ಲಿ ಕಾಣಿಸಿಕೊಂಡಿದ್ದಾರೆ’ ಎಂಬ ವಾಕ್ಯ ಸ್ಪಷ್ಟವಾಗಿದೆ, ಆದರೆ ಪಟ್ಟಿಯ ಒಂದು ಮನೆಯೊಳಗೆ ಹಿಡಿಸದು. ಸದ್ಯಕ್ಕೆ ‘ಸ್ವತಃ’ ಎಂಬುದರ ಕಡೆಗೆ ನನ್ನ ಒಲವು.

ಹಾಗೆಂದು ‘ಪಾತ್ರ’ವನ್ನು ಪೂರ್ತಿ ಬಿಡಲೂ ಮನಸ್ಸಿಲ್ಲ. 1906ರಲ್ಲಿ ಹುಟ್ಟಿದ ಲಾರ್ಸೆನ್ ತೆರೆಯ ಮೇಲೆ ಬಂದಾಗ ಅವರಿಗೆ 48 ವರ್ಷ; ತೋರಿಸಬೇಕಾಗಿದ್ದುದು ಮೂವತ್ತರ ಹರೆಯದ ಲಾರ್ಸೆನ್‌ನನ್ನು. ಹತ್ತು ವರ್ಷ ಹಿಂದಿನ ತನ್ನನ್ನು ಕ್ಯಾಮೆರಾದ ಮುಂದೆ ಮತ್ತೆ ಆಡಿತೋರಿಸುವುದು ಅಭಿನಯವಲ್ಲದೆ ಇನ್ನೇನು? ವೆಮೋರ್ಕ್‌ನ ಭಾರಜಲ ಘಟಕದ ಮೇಲೆ 1943ರ ಫೆಬ್ರವರಿಯಲ್ಲಿ ನಡೆದ ದಾಳಿಯನ್ನು ಕುರಿತ 1948ರ ಚಿತ್ರದಲ್ಲಂತೂ ಕಾರ್ಯಾಚರಣೆಯಲ್ಲಿದ್ದ ಹಲವರು ತಾವೇ ತಾವಾಗಿ, ವೃತ್ತಿನಟರ ಪಕ್ಕದಲ್ಲಿ ನಿಂತಿದ್ದಾರೆ. ಅಲ್ಲಿ ಒಂದೇ ಪಟ್ಟಿಯೊಳಗೆ ಈ ಎರಡು ಬಗೆಯವರನ್ನು ಬೇರ್ಪಡಿಸಿ ತೋರಿಸಲೇಬೇಕು.

ವೃತ್ತಿರಂಗಭೂಮಿಯ ಹಳೆಯ ಹ್ಯಾಂಡ್‌ಬಿಲ್ಲುಗಳಲ್ಲಾಗಲಿ ಮೇಳಗಳ ಮಾತಿನಲ್ಲಾಗಲಿ ಇದಕ್ಕೆ ರೂಢಿಯ ಪದವೊಂದಿದ್ದರೆ, ಬಳಕೆಯ ಉದಾಹರಣೆಯೊಂದಿಗೆ ತಿಳಿಸಬೇಕೆಂದು ಕೋರುತ್ತೇನೆ.