ತಂಬಿಗೆ ತಿರುಗಿಸುವ ಪ್ರಯೋಗ: ಹಗ್ಗ ಕೆಳಗೆ ಬಂದಾಗಲೇ ಏಕೆ ಕಡಿಯುತ್ತದೆ?

ಪ್ರಶ್ನೆ (ಪ್ರೌಢಶಾಲಾ ಶಿಕ್ಷಕ, ಕುಷ್ಟಗಿ)
ವಿಜ್ಞಾನ ವಸ್ತುಪ್ರದರ್ಶನಕ್ಕೆ ನೀರಿನ ತಂಬಿಗೆಯನ್ನು ಸುತಳಿಗೆ ಕಟ್ಟಿ ಲಂಬ ವೃತ್ತದಲ್ಲಿ ತಿರುಗಿಸುತ್ತಿದ್ದೇವೆ. ನೀರು ಸೇರಿ 800 ಗ್ರಾಂ, ಕೈಯಿಂದ 80 ಸೆಂ.ಮೀ. ಸುತಳಿ ಪ್ರತಿಸಲ ಕೆಳಗೇ ಕಡಿಯುತ್ತದೆ. ಮೇಲಿಗಿಂತ ಕೆಳಗೆ ಎಳೆತ ತೂಕದ ಆರು ಪಟ್ಟು ಹೆಚ್ಚು ಎನ್ನುತ್ತದೆ ಪುಸ್ತಕ. ಕೈಯಲ್ಲಿ ತಿರುಗಿಸಿದರೂ ಅಷ್ಟೇನಾ?

ಉತ್ತರ 1 (ರಾಯಚೂರು)
ಅಷ್ಟಿಲ್ಲ ಸರ್. ಆರು ಪಟ್ಟು ಅನ್ನೋದು ಕೆಳಗೆ ಒಮ್ಮೆ ತಳ್ಳಿ ಬಿಟ್ಟಾಗಿನ ಲೆಕ್ಕ. ಏರುವಾಗ ವೇಗ ಕಳೀತದ, ಇಳಿಯುವಾಗ ಕೂಡ್ತದ. ನೀವು ಮಣಿಕಟ್ಟಿನಿಂದ ವೇಗ ಹೆಚ್ಚುಕಡಿಮೆ ಒಂದೇ ಇಡ್ತೀರಿ, ಹಂಗಾಗಿ ವ್ಯತ್ಯಾಸ ತೂಕದ ಎರಡೇ ಪಟ್ಟು. ಮೇಲೆ ತೂಕವೂ ಕೇಂದ್ರದ ಕಡೆಗೇ ಎಳೀತದ, ಹಗ್ಗಕ್ಕೆ ಕೆಲಸ ಕಡಿಮೆ. ಕೆಳಗೆ ಹಗ್ಗವೇ ತೂಕ ಹೊತ್ತು ಕೇಂದ್ರಾಭಿಮುಖ ಬಲವನ್ನೂ ಕೊಡಬೇಕು.

ಮೇಲೆ ಹಗ್ಗ ಸಡಿಲಾಗದಂಗ ಇರಲು ಬೇಕಾದ ಕನಿಷ್ಠ ವೇಗ √(9.8 × 0.8) = 2.8 ಮೀ/ಸೆ, ಸುತ್ತಿಗೆ 1.8 ಸೆಕೆಂಡು. ನೀವು 1.2 ಸೆಕೆಂಡಿಗೆ ಒಂದು ಸುತ್ತು ಹಿಡೀರಿ: ಮೇಲೆ ಸುಮಾರು 10 ನ್ಯೂಟನ್, ಕೆಳಗೆ 25.

ಒಂದು ಮಾತು, 80 ಸೆಂ.ಮೀ. ಅಳೆದದ್ದು ಎಲ್ಲೀತನಕ? ನೀರಿನ ಮೇಲ್ಮೈ ಕೈಗೆ ಹತ್ತಿರ ಇರ್ತದ, ಮೊದಲು ಚೆಲ್ಲೋದು ಅದೇ. ಮೇಲ್ಮೈ 68 ಸೆಂ.ಮೀ.ಗೆ ಇದ್ದರ ಸುತ್ತು 1.65 ಸೆಕೆಂಡಿನೊಳಗ ಮುಗೀಬೇಕು. ಇಲ್ಲಾಂದ್ರ ತಲೆ ಮ್ಯಾಲೆ ಅಭಿಷೇಕ.

ಉತ್ತರ 2 (ಕೊಪ್ಪಳ)
25 ನ್ಯೂಟನ್ ಅಂದ್ರ ಎರಡೂವರೆ ಕಿಲೋ ತೂಗಹಾಕಿದಂಗ. ಇಷ್ಟಕ್ಕ ಗಟ್ಟಿ ಹಗ್ಗ ಕಡಿಯೂದಿಲ್ಲ. ಕಡಿದ ತುದಿ ನೋಡ್ರಿ: ಎಳಿ ಸವೆದು ಹರಿದಿದ್ರ ತಂಬಿಗಿ ಕಂಠದ ಅಂಚು ತಿಂದೈತಿ; ಗಂಟಿನ ಬುಡಕ್ಕ ಹರಿದಿದ್ರ ಗಂಟಿಂದ ತಪ್ಪು. ಗಂಟು ಹಾಕಿದಲ್ಲಿ ಹಗ್ಗದ ಶಕ್ತಿ ಸಾಕಷ್ಟು ಇಳೀತೈತಿ.

ಸುತಳಿ ಬಿಡ್ರಿ, 4 ಮಿ.ಮೀ. ನೈಲಾನ್ ಹಗ್ಗ ತಗೊಳ್ರಿ. ಕಂಠಕ್ಕ ಹಳೇ ಸೈಕಲ್ ಟ್ಯೂಬಿನ ತುಂಡು ಸುತ್ತಿ, ಅದರ ಮ್ಯಾಲೆ ಉರುಳು ಹಾಕಿ, ಎದುರುಬದುರು ಎರಡು ಎಳಿ ಮ್ಯಾಲೆ ತಂದು ಒಂದುಗೂಡಿಸ್ರಿ. ಒಂದೇ ಬದಿಗೆ ಕಟ್ಟಿದ್ರ ತಂಬಿಗಿ ವಾಲ್ತೈತಿ. ವೇಗ ಸಾಕಷ್ಟಿದ್ರೂ ನೀರು ಚೆಲ್ತೈತಿ. ಈ ಕಡೆ ತುದಿಗೆ ಗಿಡ್ಡ ಕೋಲು ಕಟ್ಟಿ ಹಿಡೀರಿ, ಬೆರಳಿಗೆ ಸುತ್ತಬ್ಯಾಡ್ರಿ.

ಕಡಿದ್ರ ತಂಬಿಗಿ ಸ್ಪರ್ಶರೇಖೆಗುಂಟ ಹಾರ್ತೈತಿ, ಅಂದ್ರ ನಿಮ್ಮ ಮುಂದ ಇಲ್ಲಾ ಹಿಂದ. ಹುಡುಗರನ್ನ ಬದಿಗೆ ನಿಲ್ಲಸ್ರಿ. ನಿಲ್ಲಸೂದೂ ಮೇಲಿದ್ದಾಗ ಅಲ್ಲ: ಕೆಳಗ ದಾಟಿ ಮುಂದಕ್ಕ ಏರುವಾಗ ಕೈಯನ್ನ ಅದರ ಜೊತೀಗೆ ಒಯ್ದು ತೂಗಾಡಸ್ಕೋತ ನಿಲ್ಲಸ್ರಿ.

ಪ್ರಶ್ನೆ ಕೇಳಿದವರು
ಹಗ್ಗದ ಬದಲು ಕಬ್ಬಿಣದ ಸರಳು ಹಾಕಿದರೆ ನಿಧಾನ ತಿರುಗಿಸಬಹುದಲ್ಲವೇ?

ಉತ್ತರ 1 (ರಾಯಚೂರು)
ತಂಬಿಗೆ ಮಟ್ಟಿಗೆ ಹೌದು. ಸರಳು ಕೆಳಗಿನಿಂದ ಒತ್ತಿಯೂ ಹಿಡೀತದ, ಮೇಲೆ ವೇಗ ಸೊನ್ನೆ ಆದರೂ ನಡೀತದ. ಅದಕ್ಕೇ ಒಮ್ಮೆ ತಳ್ಳಿ ಬಿಡುವಾಗ ಹಗ್ಗಕ್ಕೆ ಕೆಳಗೆ 6.3 ಮೀ/ಸೆ ಬೇಕು, ಹಗುರ ಸರಳಿಗೆ 5.6 ಸಾಕು. ಆದರ ನೀರನ್ನ ಸರಳು ಹಿಡಿದಿಲ್ಲ, ಬೋರಲು ಬಿದ್ದ ತಂಬಿಗೆಯ ತಳ ಅದನ್ನ ಕೆಳಗೆ ಒತ್ತಬಲ್ಲದೇ ಹೊರತು ಮೇಲೆ ಎಳೀಲಾರದು. ನೀರಿಗೆ 1.65 ಸೆಕೆಂಡಿನ ಲೆಕ್ಕ ಹಂಗೇ ಇರ್ತದ.