ಅಜ್ಜಿ ಮನೆ ಗ್ರಿಲ್: ಆರ್ಟ್ ನೂವೋನಾ, ಆರ್ಟ್ ಡೆಕೋನಾ?

ಪ್ರಶ್ನೆ:
ಕೋಲಾರದಲ್ಲಿ ಅಜ್ಜಿ ಮನೆ ಕೆಡವಿಸುತ್ತಿದ್ದೇವೆ. ಜಗಲಿಯ ಕಬ್ಬಿಣದ ಗ್ರಿಲ್ ಗುಜರಿಗೆ ಹಾಕೋಕೆ ಮನಸ್ಸಿಲ್ಲ. ಮೂಲೆಯಲ್ಲಿ ಅರ್ಧ ಸೂರ್ಯ, ಬಾಣದ ಹಾಗೆ ನೆಟ್ಟಗಿನ ಕಿರಣಗಳು, ಕೆಳಗೆ ಮೆಟ್ಟಿಲು ಮೆಟ್ಟಿಲಾದ ಪಟ್ಟಿ. ಮಾವ ಇದು ಯುರೋಪಿನ ಆರ್ಟ್ ನೂವೋ ಅನ್ನೋ ಅಲಂಕಾರ ಶೈಲಿ ಅಂತಾರೆ. ಹೌದಾ?

ಉತ್ತರ 1:
ಅಲ್ಲ, ಅದರ ನಂತರ ಬಂದ ಆರ್ಟ್ ಡೆಕೋ ಶೈಲಿಯ ಕಡೆಯದು. ನೂವೋದಲ್ಲಿ ಕಬ್ಬಿಣವೂ ಅವರೆ ಬಳ್ಳಿ ಚಪ್ಪರಕ್ಕೆ ಹಬ್ಬಿದ ಹಾಗೆ ಬಳುಕುತ್ತದೆ. ಬ್ರಸೆಲ್ಸ್‌ನಲ್ಲಿ ವಾಸ್ತುಶಿಲ್ಪಿ ವಿಕ್ಟರ್ ಹೋರ್ಟಾ 1893ರ ಸುಮಾರಿಗೆ ಕಟ್ಟಿದ ತಾಸೆಲ್ ಮನೆಯ ಮೆಟ್ಟಿಲ ಕಂಬಿ ನೋಡಿ, ಅನುಮಾನವೇ ಇರಲ್ಲ. 1900ರಲ್ಲಿ ಫ್ರಾನ್ಸಿನ ವಾಸ್ತುಶಿಲ್ಪಿ ಗಿಮಾರ್ ಮಾಡಿದ ಪ್ಯಾರಿಸ್ ಮೆಟ್ರೊ ಬಾಗಿಲುಗಳೂ ಹಾಗೇ. ಡೆಕೋಗೆ ಆ ಹೆಸರು ಬಂದದ್ದು 1925ರ ಪ್ಯಾರಿಸ್ ವಸ್ತುಪ್ರದರ್ಶನದಿಂದ. ಸೂರ್ಯ, ಮೆಟ್ಟಿಲು, ಚೂಪು ಮೂಲೆಯ ಅಂಕುಡೊಂಕು ಗೆರೆ ಅದರ ಗುರುತು.

ಉತ್ತರ 2:
ಒಡವೆಯಲ್ಲೂ ಇದೇ ಕಥೆ. ನೂವೋ ಕಾಲದ ಫ್ರೆಂಚ್ ಒಡವೆ ಕಲಾವಿದ ಲಾಲೀಕ್ ಬೆಲೆಬಾಳುವ ಕಲ್ಲಿಗಷ್ಟೇ ಅಂಟಿಕೊಳ್ಳದೆ ಕೊಂಬು, ಗಾಜು, ಎನಾಮಲ್ ಹಿಡಿದು ಏರೋಪ್ಲೇನ್ ಚಿಟ್ಟೆ ಮಾಡಿದ. ಡೆಕೋಗೆ ಪ್ಲಾಟಿನಂ, ಕಪ್ಪು ಓನಿಕ್ಸ್ ಕಲ್ಲು, ಚೌಕದ ವಜ್ರ. ನನಗಂತೂ ಚಿಟ್ಟೆಯೇ ಜಾಸ್ತಿ ಇಷ್ಟ.

ಪ್ರಶ್ನೆ ಕೇಳಿದವಳು:
ಮಾವನಿಗೆ ಹೇಳಿದೆ. ‘ಡೆಕೋನೋ ಗಿಕೋನೋ, ಆ ಕಿರಣಕ್ಕೆ ಸಿಕ್ಕಿ ನನ್ನ ಎರಡು ಪಂಚೆ ಹರಿದಿವೆ’ ಅಂದರು. ಗ್ರಿಲ್ ಇಟ್ಟುಕೊಳ್ಳುತ್ತಿದ್ದೇನೆ.